ಮತದಾರರೇ ಮಾಯವಾದ ಕ್ಷೇತ್ರ: ನುವರ ಎಲಿಯದ ಚುನಾವಣೆಗಳ ಕಥೆ

ಶ್ರೀಲಂಕಾ ಪ್ರವಾಸಕ್ಕೆ ಹೋಗುವ ಕನ್ನಡಿಗರು ನುವರ ಎಲಿಯವನ್ನು ಬಿಟ್ಟು ಬರುವುದು ಕಡಿಮೆ. ಚಳಿ, ಟೀ ತೋಟ, ಬ್ರಿಟಿಷರ ಕಾಲದ ಬಂಗಲೆಗಳು, ಹತ್ತಿರದ ಸೀತಾ ಎಲಿಯದಲ್ಲಿ ಸೀತಮ್ಮನ ಗುಡಿ. ಇಷ್ಟು ನೋಡಿ, ಒಂದು ಪ್ಯಾಕೆಟ್ ಟೀ ಪುಡಿ ಕೊಂಡು ಇಳಿದು ಬರುತ್ತಾರೆ. 2024ರ ನವೆಂಬರ್ 14ರಂದು ಶ್ರೀಲಂಕಾದಲ್ಲಿ ಸಂಸತ್ ಚುನಾವಣೆ ನಡೆದಾಗ ಈ ಊರಿನ ಹೆಸರು ಬೇರೆ ಕಾರಣಕ್ಕೆ ಸುದ್ದಿಗೆ ಬಂತು. ಅಧ್ಯಕ್ಷ ಅನುರ ಕುಮಾರ ದಿಸಾನಾಯಕರ ನ್ಯಾಷನಲ್ ಪೀಪಲ್ಸ್ ಪವರ್ ಕೂಟ ದೇಶದ 225 ಸೀಟುಗಳಲ್ಲಿ 159 ಗೆದ್ದಿತು. ನುವರ ಎಲಿಯದಲ್ಲಿ ಅದಕ್ಕೆ ಸಿಕ್ಕಿದ್ದು 8ರಲ್ಲಿ 5.

ಇದನ್ನು ಓದಿದ ನಮ್ಮವರಿಗೆ ಮೊದಲು ಬರುವ ಪ್ರಶ್ನೆ, ಒಂದೇ ಕ್ಷೇತ್ರಕ್ಕೆ ಎಂಟು ಸಂಸದರು ಹೇಗೆ? ಎರಡನೆಯದು, ಸಿಂಹಳರ ದೇಶದ ನಟ್ಟನಡುವೆ ಇರುವ ಈ ಗುಡ್ಡಗಳಲ್ಲಿ ತಮಿಳು ಅಭ್ಯರ್ಥಿಗಳೇ ಯಾಕೆ ಇಷ್ಟು ಜನ? ಎರಡಕ್ಕೂ ಉತ್ತರ ಹುಡುಕಿ ಹಿಂದೆ ಹೋದರೆ ಒಂದು ವಿಚಿತ್ರ ಸಂಗತಿ ಎದುರಾಗುತ್ತದೆ. ಸಾಮಾನ್ಯವಾಗಿ ಒಂದು ಕ್ಷೇತ್ರದ ಚರಿತ್ರೆ ಅಂದರೆ ಯಾರು ಗೆದ್ದರು, ಯಾರು ಸೋತರು ಅನ್ನುವ ಪಟ್ಟಿ. ನುವರ ಎಲಿಯದಲ್ಲಿ ಅದಕ್ಕಿಂತ ಮುಖ್ಯವಾದದ್ದು ಇನ್ನೊಂದು ಪಟ್ಟಿ: ಮತದಾರರದ್ದು.

ಎಲ್ಲಿದೆ, ಯಾರಿದ್ದಾರೆ

ನುವರ ಎಲಿಯ ಶ್ರೀಲಂಕಾದ ಮಧ್ಯ ಪ್ರಾಂತ್ಯದ ಒಂದು ಜಿಲ್ಲೆ. ಜಿಲ್ಲಾ ಕೇಂದ್ರದ ಊರು ಸಮುದ್ರಮಟ್ಟದಿಂದ ಸುಮಾರು 1,870 ಮೀಟರ್ ಎತ್ತರದಲ್ಲಿದೆ. ಊರು ಚಿಕ್ಕದು. ಜಿಲ್ಲೆಯ ಹೆಚ್ಚಿನ ಜನ ಇರುವುದು ಹ್ಯಾಟನ್, ತಲವಾಕೆಲೆ, ಕೊಟಗಲ, ಮಸ್ಕೆಲಿಯ ಸುತ್ತಲಿನ ತೋಟಗಳಲ್ಲಿ ಮತ್ತು ಕೊತ್ಮಲೆ, ವಲಪನೆ, ಹಂಗುರಂಕೆತ ಕಡೆಯ ಸಿಂಹಳ ಹಳ್ಳಿಗಳಲ್ಲಿ.

2012ರ ಜನಗಣತಿಯ ಪ್ರಕಾರ ಜಿಲ್ಲೆಯ ಜನಸಂಖ್ಯೆ 7.1 ಲಕ್ಷ. ಅವರಲ್ಲಿ ನೂರಕ್ಕೆ 53ರಷ್ಟು ಜನ ಭಾರತ ಮೂಲದ ತಮಿಳರು, ಸುಮಾರು 40ರಷ್ಟು ಸಿಂಹಳರು. ಭಾರತ ಮೂಲದ ತಮಿಳರು ಅರ್ಧಕ್ಕಿಂತ ಜಾಸ್ತಿ ಇರುವ ಜಿಲ್ಲೆ ಇಡೀ ದೇಶದಲ್ಲಿ ಇದೊಂದೇ.

ಇಲ್ಲಿ ಒಂದು ವ್ಯತ್ಯಾಸ ಗೊತ್ತಿರಬೇಕು. ಜಾಫ್ನಾ, ಬಟ್ಟಿಕಲೋವಾ ಕಡೆಯ ತಮಿಳರು ಶತಮಾನಗಳಿಂದ ಅಲ್ಲಿಯವರೇ. ಗುಡ್ಡನಾಡಿನ ತಮಿಳರ ಪೂರ್ವಿಕರು 19ನೇ ಶತಮಾನದಲ್ಲಿ ಬ್ರಿಟಿಷರ ತೋಟದ ಕೆಲಸಕ್ಕೆ ಮದ್ರಾಸ್ ಪ್ರಾಂತ್ಯದಿಂದ ಬಂದವರು. ಮೊದಲು ಕಾಫಿಗೆ, ಆಮೇಲೆ ಟೀಗೆ. ಇವರನ್ನು ಈಗ ಮಲೈಯಗ ತಮಿಳರು ಎನ್ನುತ್ತಾರೆ. ಊರಿಂದ ಆಳುಗಳನ್ನು ಒಟ್ಟುಮಾಡಿ ಕರೆತಂದವನು ಕಂಗಾಣಿ. ವಾಸ ಲೈನ್ ಮನೆಗಳಲ್ಲಿ. ಕೊಡಗು, ಚಿಕ್ಕಮಗಳೂರಿನ ಕಾಫಿ ತೋಟ ನೋಡಿದವರಿಗೆ ಈ ಲೈನ್ ಮನೆಗಳನ್ನು ಬಿಡಿಸಿ ಹೇಳಬೇಕಿಲ್ಲ. ಕೆಲಸ ಕೊಡುವವರೂ ಮನೆ ಕೊಡುವವರೂ ತೋಟದವರೇ. ಹಾಗಾಗಿ ಕೂಲಿಯವನ ಹೆಸರಲ್ಲಿ ಮನೆಯ ಕಾಗದವಾಗಲಿ ಜಮೀನಿನ ಕಾಗದವಾಗಲಿ ಇರುತ್ತಿರಲಿಲ್ಲ. ಮುಂದೆ ಕಾಗದದ ಪ್ರಶ್ನೆಯೇ ಎಲ್ಲಕ್ಕಿಂತ ದೊಡ್ಡದಾಗುತ್ತದೆ.

1931: ಎಲ್ಲರಿಗೂ ಮತ, ತೋಟದವರಿಗೆ ಷರತ್ತು

ಸಿಲೋನ್‌ಗೆ, ಅಂದರೆ ಇಂದಿನ ಶ್ರೀಲಂಕಾಕ್ಕೆ, ವಯಸ್ಕ ಮತದಾನದ ಹಕ್ಕು ಬಂದದ್ದು 1931ರಲ್ಲಿ. ಆಡಳಿತ ಸುಧಾರಣೆಗೆ ಬ್ರಿಟಿಷರು ನೇಮಿಸಿದ್ದ ಡೊನೊಮೋರ್ ಆಯೋಗದ ಶಿಫಾರಸಿನ ಮೇಲೆ 21 ವರ್ಷ ದಾಟಿದ ಗಂಡಸರಿಗೂ ಹೆಂಗಸರಿಗೂ ಮತ ಸಿಕ್ಕಿತು. ಬ್ರಿಟನ್‌ನಲ್ಲೇ ಹೆಂಗಸರಿಗೆ ಸಮಾನ ಮತದಾನದ ಹಕ್ಕು ಸಿಕ್ಕಿ ಆಗ ಮೂರು ವರ್ಷವಷ್ಟೇ ಆಗಿತ್ತು. ನಮ್ಮಲ್ಲಿ ಇದಕ್ಕೆ ಇನ್ನೂ ಇಪ್ಪತ್ತು ವರ್ಷ ಕಾಯಬೇಕಿತ್ತು.

ಆದರೆ ತೋಟದ ಭಾರತೀಯರ ವಿಷಯಕ್ಕೆ ಬಂದಾಗ ಸಿಂಹಳ ನಾಯಕರು ತಕರಾರು ತೆಗೆದರು. ಇವರು ಇಲ್ಲಿಯೇ ನೆಲೆ ನಿಲ್ಲುವವರೋ, ನಾಲ್ಕು ಕಾಸು ಮಾಡಿಕೊಂಡು ಊರಿಗೆ ಹೋಗುವವರೋ ಅನ್ನುವುದು ಅವರ ಪ್ರಶ್ನೆ. ಕೊನೆಗೆ ಷರತ್ತುಗಳು ಬಂದವು. ಸಿಲೋನೇ ತನ್ನ ಖಾಯಂ ನೆಲೆ ಎಂದು ತೋರಿಸಬೇಕು, ಇಲ್ಲವೇ ಐದು ವರ್ಷ ವಾಸವಿದ್ದು ಖಾಯಂ ನೆಲೆಯ ಪ್ರಮಾಣಪತ್ರ ಪಡೆಯಬೇಕು, ಅದೂ ಇಲ್ಲದಿದ್ದರೆ ಓದು ಬರಹ ಮತ್ತು ಆಸ್ತಿ ಅಥವಾ ಆದಾಯ ಇರಬೇಕು. ಇಷ್ಟೆಲ್ಲ ಇದ್ದರೂ ಸುಮಾರು 1 ಲಕ್ಷ ಭಾರತೀಯರು ಮೊದಲ ಪಟ್ಟಿಗೆ ಸೇರಿದರು. 1936ರ ಹೊತ್ತಿಗೆ ಇದು 1.45 ಲಕ್ಷದಷ್ಟಾಯಿತು.

ಪರಿಣಾಮ ಕಾಣಲು ತಡವಾಗಲಿಲ್ಲ. 1931ರಲ್ಲಿ ಹ್ಯಾಟನ್‌ನಿಂದ ಸ್ಟೇಟ್ ಕೌನ್ಸಿಲ್‌ಗೆ, ಅಂದರೆ ಆಗಿನ ಶಾಸನಸಭೆಗೆ, ಹೋದ ಪೆರಿ ಸುಂದರಂ ಕಾರ್ಮಿಕ, ಕೈಗಾರಿಕೆ ಮತ್ತು ವಾಣಿಜ್ಯ ಸಚಿವರಾದರು. 1936ರಲ್ಲಿ ಅದೇ ಹ್ಯಾಟನ್‌ನಲ್ಲಿ ಗೆದ್ದವರು ಕೆ. ನಟೇಶ ಅಯ್ಯರ್. ತಂಜಾವೂರಿನಿಂದ ಬಂದ ಪತ್ರಕರ್ತ. ತೋಟದ ಕಾರ್ಮಿಕರ ಮೊದಲ ಸಂಘ ಕಟ್ಟಿದವರೂ ಅವರೇ. 1939ರ ಜುಲೈನಲ್ಲಿ ಜವಾಹರಲಾಲ್ ನೆಹರು ಸಿಲೋನ್‌ಗೆ ಬಂದು ಹೋದರು. ಒಡೆದು ಹಂಚಿಹೋಗಿದ್ದ ಭಾರತೀಯ ಸಂಘಟನೆಗಳು ಒಂದಾಗಿ ಸಿಲೋನ್ ಇಂಡಿಯನ್ ಕಾಂಗ್ರೆಸ್ ಹುಟ್ಟಿತು.

1947: ಗುಡ್ಡಗಳೆಲ್ಲ ಒಂದೇ ಕಡೆ

ಸ್ವಾತಂತ್ರ್ಯಕ್ಕೆ ಸ್ವಲ್ಪ ಮೊದಲು, 1947ರ ಆಗಸ್ಟ್–ಸೆಪ್ಟೆಂಬರ್‌ನಲ್ಲಿ ಮೊದಲ ಸಂಸತ್ ಚುನಾವಣೆ ನಡೆಯಿತು. ಸದನದಲ್ಲಿ 101 ಸ್ಥಾನ. 95 ಚುನಾಯಿತ, 6 ನೇಮಕ. ಇಂದಿನ ನುವರ ಎಲಿಯ ಜಿಲ್ಲೆ ಆಗ ಹಲವು ಸಣ್ಣ ಕ್ಷೇತ್ರಗಳಾಗಿ ಹಂಚಿಹೋಗಿತ್ತು. ನಮ್ಮ ವಿಧಾನಸಭಾ ಕ್ಷೇತ್ರಗಳ ಹಾಗೆ ಜಾಸ್ತಿ ಮತ ಬಿದ್ದವನು ಗೆದ್ದ, ಅಷ್ಟೇ.

ತೋಟಗಳ ಸೀಮೆಯಲ್ಲಿ ಇಂಡಿಯನ್ ಕಾಂಗ್ರೆಸ್ ಗುಡಿಸಿ ಹಾಕಿತು. ನುವರ ಎಲಿಯದಲ್ಲಿ ಸೌಮ್ಯಮೂರ್ತಿ ತೊಂಡಮಾನ್, ತಲವಾಕೆಲೆಯಲ್ಲಿ ಸಿ.ವಿ. ವೇಲುಪ್ಪಿಳ್ಳೈ, ಕೊಟಗಲದಲ್ಲಿ ಕೆ. ಕುಮಾರವೇಲು, ಮಸ್ಕೆಲಿಯದಲ್ಲಿ ಜಿ.ಆರ್. ಮೋತಾ. ವೇಲುಪ್ಪಿಳ್ಳೈ ಕವಿ ಕೂಡ. ತೋಟದ ಬದುಕಿನ ಬಗ್ಗೆ ಇಂಗ್ಲಿಷ್‌ನಲ್ಲಿ ಬರೆದು ಹೆಸರಾದವರು.

ತೊಂಡಮಾನ್ ಬಗ್ಗೆ ಸ್ವಲ್ಪ ಹೇಳಲೇಬೇಕು. ಮುಂದಿನ ಐವತ್ತು ವರ್ಷದ ಕಥೆ ಅವರ ಸುತ್ತಲೇ ಇದೆ. 1913ರಲ್ಲಿ ತಮಿಳುನಾಡಿನಲ್ಲಿ ಹುಟ್ಟಿದವರು. ಸಿಲೋನ್‌ಗೆ ಮೊದಲೇ ಹೋಗಿದ್ದ ಅವರ ಅಪ್ಪ ದುಡಿದು ಮೇಲೆ ಬಂದು ರಾಂಬೊಡ ಬಳಿ ವೇವೆಂಡನ್ ಎಂಬ ತೋಟವನ್ನೇ ಕೊಂಡರು. ಮಗ ಆ ತೋಟದ ಧಣಿ. ಹೌದು, ಲಕ್ಷಾಂತರ ತೋಟದ ಕೂಲಿಗಳ ನಾಯಕ ಸ್ವತಃ ತೋಟದ ಮಾಲೀಕ! ವಿರೋಧಿಗಳು ಇದನ್ನು ಬಿಡದೆ ಆಡಿಕೊಂಡರು. ಕೂಲಿಗಳು ಮಾತ್ರ ತಲೆ ಕೆಡಿಸಿಕೊಂಡ ಹಾಗೆ ಕಾಣುವುದಿಲ್ಲ.

1948–49: ಪಟ್ಟಿಯಿಂದ ಹೊರಗೆ

1948ರ ಫೆಬ್ರವರಿ 4ಕ್ಕೆ ಸಿಲೋನ್ ಸ್ವತಂತ್ರವಾಯಿತು. ಡಿ.ಎಸ್. ಸೇನಾನಾಯಕೆ ಪ್ರಧಾನಿ. ಅವರ ಯುನೈಟೆಡ್ ನ್ಯಾಷನಲ್ ಪಾರ್ಟಿಗೆ, ಅಂದರೆ ಯುಎನ್‌ಪಿಗೆ, ಬಂದಿದ್ದದ್ದು 42 ಸೀಟು ಮಾತ್ರ. ಪಕ್ಷೇತರರನ್ನು ಸೇರಿಸಿಕೊಂಡು ಸರ್ಕಾರ ಮಾಡಿದ್ದರು.

ಆ ವರ್ಷವೇ ಪೌರತ್ವ ಕಾಯ್ದೆ ಬಂತು. ಹುಟ್ಟಿದ್ದು ಸಿಲೋನ್‌ನಲ್ಲೇ ಆದರೂ ಅಷ್ಟು ಸಾಲದು. ಅಪ್ಪನೂ ಅಲ್ಲಿಯೇ ಹುಟ್ಟಿರಬೇಕು. ಇಲ್ಲದಿದ್ದರೆ ಅಜ್ಜ ಮತ್ತು ಮುತ್ತಜ್ಜ ಇಬ್ಬರೂ ಅಲ್ಲಿ ಹುಟ್ಟಿರಬೇಕು. ಅದಕ್ಕೆ ದಾಖಲೆ ಬೇಕು. ಕಾಯ್ದೆಯಲ್ಲಿ ತಮಿಳು ಎಂಬ ಶಬ್ದವಾಗಲಿ ಭಾರತೀಯ ಎಂಬ ಶಬ್ದವಾಗಲಿ ಇರಲಿಲ್ಲ. ಆದರೆ ಲೈನ್ ಮನೆಯಲ್ಲಿ ಹುಟ್ಟಿದವನು ತನ್ನ ಅಪ್ಪನ ಜನನ ಪತ್ರ ಎಲ್ಲಿಂದ ತರಬೇಕು? ಹಳ್ಳಿಯ ಸಿಂಹಳನ ಹತ್ತಿರವೂ ಅಂಥ ಪತ್ರ ಇರಲಿಲ್ಲ, ಅವನನ್ನು ಕೇಳುವವರೂ ಇರಲಿಲ್ಲ.

1949ರಲ್ಲಿ ಎರಡನೇ ಕಾಯ್ದೆ. ಇದು ಭಾರತ ಮತ್ತು ಪಾಕಿಸ್ತಾನ ಮೂಲದವರು ಅರ್ಜಿ ಹಾಕಿ ಪೌರತ್ವ ಪಡೆಯಲು. ಮದುವೆಯಾದವರು 7 ವರ್ಷ, ಆಗದವರು 10 ವರ್ಷ ಬಿಡದೆ ವಾಸವಿದ್ದದ್ದನ್ನು ತೋರಿಸಬೇಕು. ಅರ್ಜಿಗೆ ಎರಡು ವರ್ಷ ಗಡುವು. ಇಂಡಿಯನ್ ಕಾಂಗ್ರೆಸ್ ಮೊದಲು ಈ ಕಾಯ್ದೆಯನ್ನೇ ಬಹಿಷ್ಕರಿಸಿತು. ಗಡುವು ಹತ್ತಿರ ಬಂದಾಗ ಮನಸ್ಸು ಬದಲಿಸಿ ಅರ್ಜಿ ಹಾಕಿಸಿತು. ಒಟ್ಟು 8 ಲಕ್ಷಕ್ಕೂ ಹೆಚ್ಚು ಜನರ ಪರವಾಗಿ ಅರ್ಜಿ ಬಿದ್ದವು. ವರ್ಷಗಟ್ಟಲೆ ನಡೆದ ವಿಚಾರಣೆಯ ನಂತರ ಪೌರತ್ವ ಸಿಕ್ಕಿದ್ದು ಸುಮಾರು 1.34 ಲಕ್ಷ ಜನರಿಗೆ.

ಅದೇ ವರ್ಷ ಮೂರನೆಯದಾಗಿ ಚುನಾವಣಾ ಕಾಯ್ದೆಗೆ ತಿದ್ದುಪಡಿ. ಪ್ರಜೆಯಲ್ಲದವನ ಹೆಸರು ಮತದಾರರ ಪಟ್ಟಿಯಲ್ಲಿ ಇರುವಂತಿಲ್ಲ. ಮೂರನ್ನೂ ಒಟ್ಟಿಗೆ ಇಟ್ಟು ನೋಡಿದರೆ ಏನಾಯಿತು ಅನ್ನುವುದು ತಿಳಿಯುತ್ತದೆ. 1947ರಲ್ಲಿ ಸರತಿಯಲ್ಲಿ ನಿಂತು ಮತ ಹಾಕಿದವರು 1952ರಲ್ಲಿ ಪಟ್ಟಿಯಲ್ಲೇ ಇಲ್ಲ.

ಯಾಕೆ ಹೀಗೆ ಮಾಡಿದರು? ಇತಿಹಾಸಕಾರರು ಮುಖ್ಯವಾಗಿ ಎರಡು ಕಾರಣ ಕೊಡುತ್ತಾರೆ. ಒಂದು, ಗುಡ್ಡನಾಡಿನ ಸಿಂಹಳರ ಭಯ. ಕಾಫಿ, ಟೀ ತೋಟಗಳು ತಮ್ಮ ಹಳ್ಳಿಗಳ ನೆಲವನ್ನು ನುಂಗಿದವು, ಈಗ ಪ್ರಾತಿನಿಧ್ಯವೂ ಹೋಗುತ್ತದೆ ಅನ್ನುವ ಆತಂಕ ಅವರಲ್ಲಿತ್ತು. ಎರಡು, ಎಡಪಕ್ಷಗಳು. ತೋಟದ ಕಾರ್ಮಿಕರು ತಮ್ಮ ಅಭ್ಯರ್ಥಿ ಇಲ್ಲದ ಕಡೆ ಎಡಪಂಥೀಯರಿಗೆ ಮತ ಹಾಕಿದ್ದರು. ಅದು ಯುಎನ್‌ಪಿಗೆ ಕೆಲವು ಸೀಟು ತಪ್ಪಿಸಿತ್ತು. ಯಾವ ಕಾರಣಕ್ಕೆ ಎಷ್ಟು ತೂಕ ಅನ್ನುವುದರಲ್ಲಿ ಈಗಲೂ ಒಮ್ಮತವಿಲ್ಲ.

ಜಾಫ್ನಾದ ತಮಿಳು ನಾಯಕರೂ ಇಲ್ಲಿ ಒಡೆದರು. ಸೇನಾನಾಯಕೆ ಸರ್ಕಾರ ಸೇರಿದ ಜಿ.ಜಿ. ಪೊನ್ನಂಬಲಂ ಅವರಿಂದ ಬೇರೆಯಾದ ಎಸ್.ಜೆ.ವಿ. ಚೆಲ್ವನಾಯಕಂ 1949ರ ಡಿಸೆಂಬರ್‌ನಲ್ಲಿ ಫೆಡರಲ್ ಪಾರ್ಟಿ ಕಟ್ಟಿದರು. ತಾರತಮ್ಯ ನಿಷೇಧಿಸುವ ಸಂವಿಧಾನದ ವಿಧಿಗೆ ಇದು ವಿರುದ್ಧ ಎಂದು ಪಟ್ಟಿಯಿಂದ ಹೊರಬಿದ್ದವರ ಪ್ರಕರಣ ಆಗಿನ ಕೊನೆಯ ಮೇಲ್ಮನವಿಯ ಕೋರ್ಟಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್‌ವರೆಗೂ ಹೋಯಿತು. 1953ರಲ್ಲಿ ಅಲ್ಲೂ ಸೋಲಾಯಿತು. ಪ್ರಜೆಗಳು ಯಾರು ಅಂತ ತೀರ್ಮಾನಿಸುವುದು ದೇಶದ ಸಹಜ ಅಧಿಕಾರ ಅನ್ನುವುದು ತೀರ್ಪಿನ ಸಾರ.

1952ರ ಚುನಾವಣೆಯಲ್ಲಿ ಇಂಡಿಯನ್ ಕಾಂಗ್ರೆಸ್‌ನ ಒಬ್ಬರೂ ಸಂಸತ್ತಿಗೆ ಹೋಗಲಿಲ್ಲ. ಹೋಗುವುದು ಹೇಗೆ? ತಲವಾಕೆಲೆಯಂಥ ಕ್ಷೇತ್ರದಲ್ಲಿ ಮತದಾರರು ಕೆಲವೇ ಸಾವಿರಕ್ಕೆ ಇಳಿದಿದ್ದರು.

ಮತ ಇಲ್ಲ, ಲೆಕ್ಕಕ್ಕೆ ಇದ್ದಾರೆ

ಇಲ್ಲಿ ಹೆಚ್ಚಿನವರು ಗಮನಿಸದ ಒಂದು ಅಂಶವಿದೆ. ಮತದಾರರು ಹೋದರೆ ಕ್ಷೇತ್ರಗಳೂ ಕಡಿಮೆ ಆಗಬೇಕಲ್ವಾ? ಆಗಲಿಲ್ಲ.

ಸ್ವಾತಂತ್ರ್ಯದ ಹೊತ್ತಿಗೆ ಜಾರಿಗೆ ಬಂದಿದ್ದ ಸೋಲ್ಬರಿ ಸಂವಿಧಾನದಲ್ಲಿ ಸೀಟು ಹಂಚಿಕೆಯ ಸೂತ್ರ ಹೀಗಿತ್ತು: ಪ್ರತಿ 75,000 ಜನಕ್ಕೆ ಒಂದು ಸೀಟು, ಜೊತೆಗೆ ಪ್ರತಿ 1,000 ಚದರ ಮೈಲಿಗೆ ಒಂದು. ಗಮನಿಸಿ, ಜನಕ್ಕೆ. ಮತದಾರರಿಗಲ್ಲ. 1959ರಲ್ಲಿ ಗಡಿಗಳನ್ನು ಮತ್ತೆ ಗುರುತಿಸಿದಾಗಲೂ ಒಟ್ಟು ಜನಸಂಖ್ಯೆಯನ್ನೇ ಲೆಕ್ಕಕ್ಕೆ ತೆಗೆದುಕೊಂಡರು. ಊಟಕ್ಕೆ ಎಷ್ಟು ಅಕ್ಕಿ ಅಂತ ನೋಡುವಾಗ ಎಲ್ಲರ ತಲೆ ಎಣಿಸಿ, ಬಡಿಸುವಾಗ ಅರ್ಧ ಪಂಕ್ತಿಗೆ ಮಾತ್ರ ಬಡಿಸಿದ ಹಾಗಾಯಿತು. ತೋಟದ ಲಕ್ಷಾಂತರ ಜನರಿಂದಾಗಿ ಗುಡ್ಡನಾಡಿಗೆ ಸೀಟು ಬಂತು. ಆ ಸೀಟಿನ ಪ್ರತಿನಿಧಿಯನ್ನು ಆರಿಸುವವರು ಸುತ್ತಲಿನ ಹಳ್ಳಿ, ಪೇಟೆಯ ಜನ. ಅವರ ಒಂದೊಂದು ಮತಕ್ಕೂ ಕೊಲಂಬೊದವನ ಮತಕ್ಕಿಂತ ಜಾಸ್ತಿ ಬೆಲೆ. ಸಂಸತ್ತಿನಲ್ಲಿ ಗ್ರಾಮೀಣ ಸಿಂಹಳರ ಪ್ರಾತಿನಿಧ್ಯ ಅವರ ಸಂಖ್ಯೆಗಿಂತ ಹೆಚ್ಚಾಗಲು ಇದೂ ಒಂದು ಕಾರಣ.

ಈ ನಡುವೆ ತೊಂಡಮಾನ್ ಸಂಘಟನೆಯನ್ನು ಕಾರ್ಮಿಕ ಸಂಘವಾಗಿ ಗಟ್ಟಿಮಾಡಿದರು. ಹೆಸರು ಸಿಲೋನ್ ವರ್ಕರ್ಸ್ ಕಾಂಗ್ರೆಸ್ ಆಯಿತು. ಮತ ಇಲ್ಲದಿದ್ದರೇನು, ಟೀ ಕೀಳುವ ಕೈಗಳು ಇದ್ದವು. ದೇಶಕ್ಕೆ ಬರುವ ವಿದೇಶಿ ಹಣದ ಬಹುಪಾಲು ಆ ಕೈಗಳಿಂದ ಬರುತ್ತಿತ್ತು. ಹಾಗಾಗಿ ಕೊಲಂಬೊದ ಯಾವ ಸರ್ಕಾರಕ್ಕೂ ಅವರನ್ನು ಪೂರ್ತಿ ಮರೆಯಲು ಆಗಲಿಲ್ಲ. 1960ರಲ್ಲಿ ಸಿರಿಮಾವೊ ಬಂಡಾರನಾಯಕೆ ಸರ್ಕಾರವೂ 1965ರಲ್ಲಿ ಯುಎನ್‌ಪಿ ಸರ್ಕಾರವೂ ತೊಂಡಮಾನ್ ಅವರನ್ನು ಸಂಸತ್ತಿಗೆ ನೇಮಕ ಮಾಡಿಕೊಂಡವು. ಆ ಆರು ನೇಮಕದ ಸ್ಥಾನ ಇದ್ದವಲ್ಲ, ಅದರಲ್ಲಿ ಒಂದು.

ಜನರನ್ನೇ ಹಂಚಿಕೊಂಡ ಒಪ್ಪಂದ

ಈ ಜನ ಯಾರವರು ಅಂತ ಭಾರತ ಮತ್ತು ಸಿಲೋನ್ ನಡುವೆ ಹಗ್ಗಜಗ್ಗಾಟ ನಡೆದೇ ಇತ್ತು. 1954ರಲ್ಲಿ ನೆಹರು ಮತ್ತು ಸಿಲೋನ್ ಪ್ರಧಾನಿ ಕೊತಲಾವಲ ಒಂದು ಒಪ್ಪಂದ ಮಾಡಿಕೊಂಡರು. ಪೌರತ್ವ ಸಿಕ್ಕವರನ್ನೂ ಹತ್ತು ವರ್ಷ ಪ್ರತ್ಯೇಕ ಮತದಾರರ ಪಟ್ಟಿಯಲ್ಲಿ ಇಡುವ ಮಾತು ಅದರಲ್ಲಿತ್ತು. ಒಪ್ಪಂದ ಮುಂದೆ ಸಾಗಲಿಲ್ಲ.

1964ರ ಅಕ್ಟೋಬರ್ 30ರಂದು ಲಾಲ್ ಬಹದ್ದೂರ್ ಶಾಸ್ತ್ರಿ ಮತ್ತು ಸಿರಿಮಾವೊ ಸಹಿ ಹಾಕಿದ ಒಪ್ಪಂದ ನಿಜವಾಗಿ ಜಾರಿಗೆ ಬಂತು. ಲೆಕ್ಕ ಹೀಗೆ: ನಾಡಿಲ್ಲದವರು, ಅಂದರೆ ಯಾವ ದೇಶದ ಪೌರತ್ವವೂ ಇಲ್ಲದವರು, ಒಟ್ಟು 9.75 ಲಕ್ಷ. ಭಾರತ 5.25 ಲಕ್ಷ ಜನರನ್ನು ತೆಗೆದುಕೊಳ್ಳಬೇಕು, ಸಿಲೋನ್ 3 ಲಕ್ಷ ಜನರಿಗೆ ಪೌರತ್ವ ಕೊಡಬೇಕು. ಉಳಿದ 1.5 ಲಕ್ಷವನ್ನು 1974ರಲ್ಲಿ ಇಂದಿರಾ ಗಾಂಧಿ ಮತ್ತು ಸಿರಿಮಾವೊ ಸರಿಯಾಗಿ ಅರ್ಧರ್ಧ ಹಂಚಿಕೊಂಡರು. ಎರಡೂ ಸಲ ಆ ಜನರನ್ನು ಕೇಳಿದವರಿಲ್ಲ. ಮಾತುಕತೆಗೆ ತೊಂಡಮಾನ್‌ರನ್ನೂ ಕರೆಯಲಿಲ್ಲ.

ಹಾಗೆ ಬಂದವರಲ್ಲಿ ಹೆಚ್ಚಿನವರು ತಮಿಳುನಾಡಿಗೆ ಹೋದರು, ನೀಲಗಿರಿ ಕಡೆಗೆ ಬಹಳ ಜನ. ನಮ್ಮ ಕಡೆಗೂ ಬಂದರು. ದಕ್ಷಿಣ ಕನ್ನಡದ ಸುಳ್ಯ, ಪುತ್ತೂರು ತಾಲೂಕುಗಳಲ್ಲಿ ಕರ್ನಾಟಕ ಅರಣ್ಯ ಅಭಿವೃದ್ಧಿ ನಿಗಮದ ರಬ್ಬರ್ ತೋಟಗಳಿವೆ. ಅಲ್ಲಿ ಬೆಳಗಿನ ಜಾವ ರಬ್ಬರ್ ಟ್ಯಾಪಿಂಗ್ ಮಾಡುವ ತಮಿಳು ಮಾತಿನ ಕುಟುಂಬಗಳು ಈ ಒಪ್ಪಂದದ ಮೇಲೆ ಬಂದವರದ್ದು. ಅಜ್ಜನಿಗೆ ಹ್ಯಾಟನ್‌ನಲ್ಲಿ ಸಿಗದ ಮತ ಮೊಮ್ಮಗನಿಗೆ ಸುಳ್ಯದಲ್ಲಿ ಸಿಕ್ಕಿದೆ.

ಒಂದು ಕ್ಷೇತ್ರ, ಮೂವರು ಸಂಸದರು

ಇತ್ತ ಒಪ್ಪಂದದ ಪ್ರಕಾರ ಸಿಲೋನ್ ಪೌರತ್ವ ಪಡೆದವರ ಹೆಸರು ನಿಧಾನಕ್ಕೆ ಪಟ್ಟಿಗೆ ಸೇರತೊಡಗಿತು. ಆದರೆ 1970ರ ಚುನಾವಣೆಯಲ್ಲಿ ನುವರ ಎಲಿಯ ಇನ್ನೂ ಸಿಂಹಳ ಅಭ್ಯರ್ಥಿಗಳ ಅಖಾಡವೇ. ಸಿರಿಮಾವೊ ಅವರ ಶ್ರೀಲಂಕಾ ಫ್ರೀಡಂ ಪಾರ್ಟಿಯ ಕೂಟ ದೇಶವನ್ನೇ ಬಾಚಿಕೊಂಡ ಆ ಚುನಾವಣೆಯಲ್ಲಿ ಯುಎನ್‌ಪಿಗೆ ದಕ್ಕಿದ್ದು 17 ಸೀಟು. ಅದರಲ್ಲೊಂದು ಇಲ್ಲಿಯದು. ಗೆದ್ದವರು 28 ವರ್ಷದ ಗಾಮಿನಿ ದಿಸಾನಾಯಕ. ಚುನಾವಣಾ ತಕರಾರು ಅರ್ಜಿಯಲ್ಲಿ ಸೀಟು ಕಳೆದುಕೊಂಡರು, 1972ರ ಉಪಚುನಾವಣೆಯಲ್ಲಿ ಮತ್ತೆ ಗೆದ್ದರು.

1976ರಲ್ಲಿ ಕ್ಷೇತ್ರಗಳ ಗಡಿ ಮತ್ತೆ ಬದಲಾಯಿತು. ನುವರ ಎಲಿಯ ಮತ್ತು ಮಸ್ಕೆಲಿಯ ಸೇರಿಸಿ ಮೂವರು ಸಂಸದರ ಒಂದು ದೊಡ್ಡ ಕ್ಷೇತ್ರ ಮಾಡಿದರು. ನಮ್ಮಲ್ಲೂ 1952 ಮತ್ತು 1957ರಲ್ಲಿ ಇಬ್ಬರು ಸದಸ್ಯರ ಕ್ಷೇತ್ರಗಳಿದ್ದವು, ಹಳಬರಿಗೆ ನೆನಪಿರಬಹುದು. ನಮ್ಮಲ್ಲಿ ಅದು ಮೀಸಲಾತಿಗಾಗಿ. ಅಲ್ಲಿ ಒಂದೇ ಪ್ರದೇಶದಲ್ಲಿ ಕಲೆತು ಬಾಳುವ ಬೇರೆ ಬೇರೆ ಸಮುದಾಯಗಳಿಗೆ ಅವಕಾಶ ಸಿಗಲಿ ಅಂತ.

ಇಲ್ಲಿ ಮತ ಹಾಕುವ ಕ್ರಮ ಬೇರೆ. ಮೂರು ಸೀಟು ಇದ್ದರೆ ಮತದಾರನಿಗೆ ಮೂರು ಮತ. ಮೂವರಿಗೆ ಒಂದೊಂದು ಹಾಕಬಹುದು, ಮೂರನ್ನೂ ಒಬ್ಬನಿಗೇ ಸುರಿಯಲೂಬಹುದು. ಅಲ್ಪಸಂಖ್ಯಾತರಿಗೆ ಇದು ದೊಡ್ಡ ಅಸ್ತ್ರ. ತಮ್ಮ ಎಲ್ಲ ಮತವನ್ನೂ ಒಬ್ಬರಿಗೇ ಹಾಕಿದರೆ, ಸಂಖ್ಯೆ ಕಡಿಮೆ ಇದ್ದರೂ ಮೂರನೇ ಸ್ಥಾನಕ್ಕಾದರೂ ಬರಬಹುದು.

1977ರ ಜುಲೈನಲ್ಲಿ ಆದದ್ದೂ ಅದೇ. ಮೊದಲನೆಯ ಸ್ಥಾನ ಗಾಮಿನಿ ದಿಸಾನಾಯಕ. ಎರಡನೆಯದು ಸಿರಿಮಾವೊ ಅವರ ಮಗ ಅನುರ ಬಂಡಾರನಾಯಕೆ. ಮೂರನೆಯದು ತೊಂಡಮಾನ್, ವರ್ಕರ್ಸ್ ಕಾಂಗ್ರೆಸ್‌ನ ಹುಂಜದ ಗುರುತಿನಲ್ಲಿ. ಜನರ ಮತದಿಂದ ಅವರು ಸಂಸತ್ತಿಗೆ ಹೋದದ್ದು ಪೂರ್ತಿ ಮೂವತ್ತು ವರ್ಷದ ನಂತರ, ಅದೂ ಹಳೆಯ ನೆಲದಿಂದಲೇ. ಆ ಸಲ ದೇಶದ 168 ಸೀಟಿನಲ್ಲಿ ಯುಎನ್‌ಪಿ 140 ಗೆದ್ದಿತ್ತು. ಫ್ರೀಡಂ ಪಾರ್ಟಿಗೆ ಉಳಿದದ್ದು 8. ಅದರಲ್ಲೊಂದು ಅನುರ ಅವರದ್ದು. 1970ರಲ್ಲಿ ಯುಎನ್‌ಪಿಯ 17ರಲ್ಲಿ ಒಂದು, 1977ರಲ್ಲಿ ಫ್ರೀಡಂ ಪಾರ್ಟಿಯ 8ರಲ್ಲಿ ಒಂದು. ಗಾಳಿ ಎತ್ತ ಬೀಸಿದರೂ ಈ ಗುಡ್ಡಗಳಲ್ಲಿ ಇನ್ನೊಬ್ಬರಿಗೆ ಸ್ವಲ್ಪ ಆಸರೆ ಸಿಗುತ್ತಿತ್ತು.

ತೊಂಡಮಾನ್ 1978ರಲ್ಲಿ ಜೆ.ಆರ್. ಜಯವರ್ಧನೆ ಸಂಪುಟ ಸೇರಿದರು. ತಮ್ಮ ಜನರ ಮತ ಕಿತ್ತುಕೊಂಡ ಪಕ್ಷದ ಸರ್ಕಾರ ಅದು. ಟೀಕೆ ಬಂತು. ಅವರ ಲೆಕ್ಕ ಸರಳ: ಹೊರಗೆ ನಿಂತು ಕೂಗುವುದಕ್ಕಿಂತ ಒಳಗೆ ಕೂತು ಚೌಕಾಸಿ ಮಾಡಿದರೆ ಜಾಸ್ತಿ ಸಿಗುತ್ತದೆ.

ಪೌರತ್ವ ಮರಳಿ ಬಂದದ್ದು

1984ರಲ್ಲಿ ರಾಮೇಶ್ವರ–ತಲೈಮನ್ನಾರ್ ಹಡಗು ನಿಂತಿತು. ಭಾರತಕ್ಕೆ ಕಳಿಸುವ ಕೆಲಸವೂ ನಿಂತಿತು. ಅರ್ಧಂಬರ್ಧ ಉಳಿದವರ ಗತಿ ಏನು? 1986ರ ಜನವರಿ 14ರಂದು, ಪೊಂಗಲ್ ದಿನ, ತೊಂಡಮಾನ್ ಪ್ರಾರ್ಥನಾ ಚಳವಳಿಗೆ ಕರೆ ಕೊಟ್ಟರು. ಮುಷ್ಕರ ಅನ್ನಲಿಲ್ಲ. ಬೆಳಿಗ್ಗೆ ಪ್ರಾರ್ಥನೆ ಮುಗಿಸಿ ಆಮೇಲೆ ಕೆಲಸ, ಅಷ್ಟೇ. ಟೀ ತೋಟದಲ್ಲಿ ಬೆಳಗಿನ ಹೊತ್ತು ಹೋದರೆ ನಷ್ಟ ಎಷ್ಟು ಅಂತ ಸರ್ಕಾರಕ್ಕೆ ಗೊತ್ತಿತ್ತು. ಆ ವರ್ಷ ಒಂದು ಕಾಯ್ದೆ ಬಂತು. 1988ರಲ್ಲಿ ಇನ್ನೊಂದು ಬಂದು, ಭಾರತದ ಪೌರತ್ವಕ್ಕೆ ಅರ್ಜಿ ಹಾಕದ ನಾಡಿಲ್ಲದವರೆಲ್ಲ ಶ್ರೀಲಂಕಾದ ಪ್ರಜೆಗಳಾದರು. ಕಾಗದ ಇಲ್ಲದವರಿಗೆ ಅಫಿಡವಿಟ್ ಸಾಕಾಯಿತು. ಕೊನೆಯ ಕಂತು 2003ರದ್ದು. ಸಂಸತ್ತು ಒಮ್ಮತದಿಂದ ಒಪ್ಪಿದ ಕಾಯ್ದೆಯಿಂದ ಉಳಿದ ಸುಮಾರು 1.68 ಲಕ್ಷ ಜನರಿಗೂ ಪೌರತ್ವ ಸಿಕ್ಕಿತು. 1948ರಿಂದ 2003, ಅಂದರೆ 55 ವರ್ಷ.

ಎಂಟು ಸೀಟಿನ ಲೆಕ್ಕ

ಈಗ ಮೊದಲ ಪ್ರಶ್ನೆಗೆ ಬರೋಣ. 1978ರ ಸಂವಿಧಾನ ಹಳೆಯ ಪದ್ಧತಿಯನ್ನು ತೆಗೆದುಹಾಕಿತು. ದೇಶವನ್ನು 22 ಚುನಾವಣಾ ಜಿಲ್ಲೆಗಳಾಗಿ ಮಾಡಿ, ಪಕ್ಷ ಪಡೆದ ಮತದ ಪ್ರಮಾಣಕ್ಕೆ ತಕ್ಕಂತೆ ಸೀಟು ಕೊಡುವ ಪದ್ಧತಿ ಬಂತು. ಈ ಪದ್ಧತಿಯ ಮೊದಲ ಸಂಸತ್ ಚುನಾವಣೆ 1989ರಲ್ಲಿ ನಡೆಯಿತು. 225 ಸದಸ್ಯರಲ್ಲಿ 196 ಜನ ಜಿಲ್ಲೆಗಳಿಂದ, 29 ಜನ ಇಡೀ ದೇಶದ ಮತದ ಪ್ರಮಾಣಕ್ಕೆ ತಕ್ಕಂತೆ ಪಕ್ಷಗಳಿಗೆ ಸಿಗುವ ರಾಷ್ಟ್ರೀಯ ಪಟ್ಟಿಯಿಂದ.

ನುವರ ಎಲಿಯ, ಕೊತ್ಮಲೆ, ವಲಪನೆ, ಹಂಗುರಂಕೆತ ಎಲ್ಲ ಸೇರಿ ಈಗ ಒಂದೇ ಕ್ಷೇತ್ರ. ಮತಪತ್ರದಲ್ಲಿ ಮೊದಲು ಪಕ್ಷಕ್ಕೆ ಗುರುತು ಹಾಕಬೇಕು. ಆಮೇಲೆ ಆ ಪಕ್ಷದ ಅಭ್ಯರ್ಥಿಗಳಲ್ಲಿ ಮೂವರವರೆಗೆ ನಿಮ್ಮ ಆಯ್ಕೆ ಸೂಚಿಸಬಹುದು. ಪಕ್ಷಕ್ಕೆ ಎಷ್ಟು ಸೀಟು ಅಂತ ಮೊದಲ ಗುರುತು ಹೇಳುತ್ತದೆ. ಅದು ಯಾರಿಗೆ ಅಂತ ಎರಡನೆಯದು.

ಒಂದು ಕಾಲ್ಪನಿಕ ಉದಾಹರಣೆ ನೋಡಿ. ನೂರಕ್ಕೆ 5ಕ್ಕಿಂತ ಕಡಿಮೆ ಮತ ಬಂದ ಪಕ್ಷಗಳನ್ನು ಮೊದಲು ಬದಿಗಿಡುತ್ತಾರೆ. ಉಳಿದ ಮೂರು ಪಕ್ಷಗಳಿಗೆ 1,75,000, 1,05,000 ಮತ್ತು 70,000 ಬಂದಿವೆ ಅಂದುಕೊಳ್ಳಿ. ಒಟ್ಟು 3,50,000. ಎಂಟರಲ್ಲಿ ಒಂದು ಸೀಟು ಮೊದಲ ಸ್ಥಾನದ ಪಕ್ಷಕ್ಕೆ ಬೋನಸ್. ಉಳಿದದ್ದು 7. 3,50,000ವನ್ನು 7ರಿಂದ ಭಾಗಿಸಿದರೆ 50,000. ಪ್ರತಿ 50,000ಕ್ಕೆ ಒಂದು ಸೀಟು. ಮೊದಲನೆಯವರಿಗೆ 3, ಎರಡನೆಯವರಿಗೆ 2, ಮೂರನೆಯವರಿಗೆ 1. ಇನ್ನೂ ಒಂದು ಉಳಿಯಿತು. ಅದು ಜಾಸ್ತಿ ಮತ ಶೇಷ ಉಳಿದವರಿಗೆ. ಮೊದಲನೆಯವರ ಬಳಿ 25,000 ಉಳಿದಿದೆ, ಅವರಿಗೇ ಹೋಯಿತು. ಒಟ್ಟು 5, 2, 1. ಅರ್ಧ ಮತಕ್ಕೆ ಎಂಟರಲ್ಲಿ ಐದು ಸೀಟು ಬಂದದ್ದು ಹೀಗೆ.

ಈ ಪದ್ಧತಿಯಲ್ಲಿ ಸಂಸದ ತೀರಿಕೊಂಡರೆ ಉಪಚುನಾವಣೆ ಇಲ್ಲ. ಅದೇ ಪಟ್ಟಿಯಲ್ಲಿ ಹೆಚ್ಚು ಆಯ್ಕೆಮತ ಪಡೆದ ಮುಂದಿನವರು ಬರುತ್ತಾರೆ. ಇನ್ನೊಂದು ಪರಿಣಾಮ, ಒಂದೇ ಪಕ್ಷದ ಅಭ್ಯರ್ಥಿಗಳ ನಡುವೆಯೇ ಆಯ್ಕೆಮತಕ್ಕೆ ಪೈಪೋಟಿ. ತಮಿಳು ಮತದಾರರು ದೊಡ್ಡ ಪಕ್ಷಕ್ಕೆ ಮತ ಹಾಕಿ, ಮೂರೂ ಆಯ್ಕೆಯನ್ನು ಆ ಪಟ್ಟಿಯಲ್ಲಿರುವ ತಮಿಳು ಅಭ್ಯರ್ಥಿಗಳಿಗೆ ಕೊಟ್ಟರೆ, ಪಕ್ಷ ಸಿಂಹಳರದ್ದಾದರೂ ಗೆಲ್ಲುವವರು ತಮಿಳರು. ವರ್ಕರ್ಸ್ ಕಾಂಗ್ರೆಸ್ ಬೇರೆ ಪಕ್ಷಗಳ ಗುರುತಿನಲ್ಲಿ ಸ್ಪರ್ಧಿಸುವುದರ ಹಿಂದೆ ಇರುವ ಲೆಕ್ಕ ಇದು.

ಒಂದು ಸೀಟಿನ ತೂಕ

1994ರಲ್ಲಿ ಈ ಜಿಲ್ಲೆಯ ಒಂದೇ ಒಂದು ಸೀಟು ಸರ್ಕಾರವನ್ನೇ ತೀರ್ಮಾನಿಸಿತು. ಚಂದ್ರಿಕಾ ಕುಮಾರತುಂಗ ಅವರ ಪೀಪಲ್ಸ್ ಅಲಯನ್ಸ್‌ಗೆ 105 ಸೀಟು ಬಂದಿತ್ತು. ಮುಸ್ಲಿಂ ಕಾಂಗ್ರೆಸ್‌ನ 7 ಸೇರಿ 112. ಬಹುಮತಕ್ಕೆ 113 ಬೇಕು. ಆ ಒಬ್ಬರು ನುವರ ಎಲಿಯದಿಂದ ಸ್ವತಂತ್ರ ಗುಂಪಿನಲ್ಲಿ ಗೆದ್ದ ಪಿ. ಚಂದ್ರಶೇಖರನ್. ತೊಂಡಮಾನ್ ಹಿಡಿತದಿಂದ ಬೇರೆಯಾಗಿ ಅಪ್‌ಕಂಟ್ರಿ ಪೀಪಲ್ಸ್ ಫ್ರಂಟ್ ಕಟ್ಟಿದವರು. ಆಮೇಲೆ ತೊಂಡಮಾನ್ ಕೂಡ ಯುಎನ್‌ಪಿ ಬಿಟ್ಟು ಚಂದ್ರಿಕಾ ಸಂಪುಟಕ್ಕೆ ಬಂದರು ಅನ್ನಿ. ಸಾಯುವವರೆಗೂ, ಅಂದರೆ 1999ರ ಅಕ್ಟೋಬರ್ 30ರವರೆಗೂ, ಸಚಿವರಾಗಿದ್ದರು.

ಅವರ ನಂತರ ಮೊಮ್ಮಗ ಆರುಮುಗಂ. ಆರುಮುಗಂ 2020ರ ಮೇ 26ರಂದು, ಚುನಾವಣೆ ಹತ್ತಿರದಲ್ಲಿರುವಾಗಲೇ ತೀರಿಕೊಂಡರು. ಅವರ ಜಾಗದಲ್ಲಿ ಮಗ ಜೀವನ್ ನಿಂತು, ರಾಜಪಕ್ಸೆಗಳ ಪಕ್ಷದ ಪಟ್ಟಿಯಲ್ಲಿ 1 ಲಕ್ಷಕ್ಕೂ ಹೆಚ್ಚು ಆಯ್ಕೆಮತ ಪಡೆದು ಗೆದ್ದರು. ಎದುರಿಗೆ ಪಿ. ದಿಗಂಬರಂ, ವಿ. ರಾಧಾಕೃಷ್ಣನ್ ಮತ್ತು ಕೊಲಂಬೊದ ಮನೋ ಗಣೇಶನ್ 2015ರಲ್ಲಿ ಕಟ್ಟಿದ ತಮಿಳ್ ಪ್ರೋಗ್ರೆಸಿವ್ ಅಲಯನ್ಸ್ ಇತ್ತು.

ಭಾಷಣದ ವಿಷಯಗಳು ಮಾತ್ರ ಬಹಳ ಬದಲಾಗಿಲ್ಲ. ದಿನಗೂಲಿ, ಮನೆ, ಮನೆಯಡಿಯ ನೆಲ. 1,000 ರೂಪಾಯಿ ದಿನಗೂಲಿಯ ಬೇಡಿಕೆ ವರ್ಷಗಟ್ಟಲೆ ಎಳೆದು 2021ರಲ್ಲಿ ಒಪ್ಪಿಗೆಯಾಯಿತು. ಹೊಸ ಮನೆಗೆ ಕೊಡುತ್ತಿದ್ದ ಜಾಗ 7 ಪರ್ಚ್, ಅಂದರೆ ಸುಮಾರು 1,900 ಚದರ ಅಡಿ. 2017ರ ಮೇನಲ್ಲಿ ನರೇಂದ್ರ ಮೋದಿ ಹ್ಯಾಟನ್ ಹತ್ತಿರದ ನಾರ್ವುಡ್‌ನಲ್ಲಿ ಭಾಷಣ ಮಾಡಿ, ಭಾರತದ ನೆರವಿನ 4,000 ಮನೆಗಳ ಜೊತೆಗೆ ಇನ್ನೂ 10,000 ಮನೆ ಘೋಷಿಸಿದ್ದೂ ಈ ಕಾರಣಕ್ಕೇ.

2024ರಲ್ಲಿ ಏನು ಬದಲಾಯಿತು

ನುವರ ಎಲಿಯದ 8 ಸೀಟಿನಲ್ಲಿ 5 ನ್ಯಾಷನಲ್ ಪೀಪಲ್ಸ್ ಪವರ್‌ಗೆ ಹೋಯಿತು. ಕಾರ್ಮಿಕ ಸಂಘದ ದೊಡ್ಡ ಮನೆತನವಾಗಲಿ ಹಳೆಯ ಗುರುತಾಗಲಿ ಇಲ್ಲದ ಪಕ್ಷವೊಂದು ತೋಟಗಳ ಸೀಮೆಯಲ್ಲಿ ಮೊದಲ ಸ್ಥಾನಕ್ಕೆ ಬಂದದ್ದು ಹೊಸತು. ಅದರ ಪಟ್ಟಿಯಿಂದ ಗೆದ್ದವರಲ್ಲಿ ಕೃಷ್ಣನ್ ಕಲೈಚೆಲ್ವಿ ಒಬ್ಬರು. ಅದೇ ಚುನಾವಣೆಯಲ್ಲಿ ಪಕ್ಕದ ಬದುಳ್ಳ ಜಿಲ್ಲೆಯಿಂದ ಅಂಬಿಕಾ ಸಾಮುವೆಲ್ ಗೆದ್ದರು. ಮಲೈಯಗ ತಮಿಳು ಹೆಂಗಸರು ಸಂಸತ್ತಿಗೆ ಆರಿಸಿ ಹೋದದ್ದು ಅದೇ ಮೊದಲು. ತೋಟದಲ್ಲಿ ಎಲೆ ಕೀಳುವವರಲ್ಲಿ ಹೆಚ್ಚಿನವರು ಹೆಂಗಸರೇ, 1931ರಿಂದಲೂ.

ಹಳಬರು ಪೂರ್ತಿ ಹೋಗಲಿಲ್ಲ. ದಿಗಂಬರಂ ಮತ್ತು ರಾಧಾಕೃಷ್ಣನ್ ವಿರೋಧ ಪಕ್ಷವಾದ ಸಮಗಿ ಜನ ಬಲವೇಗಯದ ಪಟ್ಟಿಯಲ್ಲಿ ಗೆದ್ದರು. ಜೀವನ್ ತೊಂಡಮಾನ್ ಈ ಸಲ ಯುಎನ್‌ಪಿಯ ಆನೆ ಗುರುತಿನಲ್ಲಿ ಒಂದು ಸೀಟು ಉಳಿಸಿಕೊಂಡರು.

ಸೀಟು ಹಂಚುವ ಸೂತ್ರವೂ ಈಗ ಹಳೆಯದರ ತಿರುಗಾಮುರುಗ. ಜಿಲ್ಲೆಗಳ 196 ಸೀಟಿನಲ್ಲಿ 36 ಪ್ರಾಂತ್ಯಕ್ಕೆ ನಾಲ್ಕರಂತೆ ಹೋಗುತ್ತವೆ. ಉಳಿದ 160ನ್ನು ಮತದಾರರ ಪಟ್ಟಿಯಲ್ಲಿರುವ ಹೆಸರುಗಳನ್ನು ಎಣಿಸಿ ಹಂಚುತ್ತಾರೆ. ಜನಸಂಖ್ಯೆ ನೋಡಿ ಅಲ್ಲ. 2010ರಲ್ಲಿ 7 ಇದ್ದ ನುವರ ಎಲಿಯದ ಸೀಟು 2015ರಿಂದ 8 ಆಗಿದೆ. ಜಿಲ್ಲೆಯೊಳಗಿನ ನುವರ ಎಲಿಯ–ಮಸ್ಕೆಲಿಯ ವಿಭಾಗದಲ್ಲಿ ಮಾತ್ರವೇ 3 ಲಕ್ಷಕ್ಕೂ ಜಾಸ್ತಿ ಮತದಾರರು. ತೋಟದ ಹುಡುಗರು ಈಗ ಕೊಲಂಬೊದ ಅಂಗಡಿ, ಹೋಟೆಲುಗಳಲ್ಲಿ ಕೆಲಸಕ್ಕಿದ್ದಾರೆ. ಹೆಸರು ಊರಿನ ಪಟ್ಟಿಯಲ್ಲೇ ಇದ್ದರೆ ಮತದಾನದ ಹಿಂದಿನ ರಾತ್ರಿ ಹ್ಯಾಟನ್ ಬಸ್ಸು ಹಿಡಿಯಬೇಕು.